ಅವ್ವ ತಿನ್ನದೆ ಹೋದ ಬುನ್ಯುವೆಲೊ

"ಲೈಟರ್ ಒತ್ತಬೇಡಿ!"

ಬಾಗಿಲಲ್ಲೇ ಭುವನಾ ಚೀರಿದಳು. ಒಲೆಯ ಮುಂದೆ ನಿಂತಿದ್ದವನ ಕೈ ಹಾಗೇ ನಿಂತುಬಿಟ್ಟಿತು. ಅವಳು ಚಪ್ಪಲಿಯನ್ನೂ ಬಿಡದೆ ಒಳಗೆ ನುಗ್ಗಿ ಸಿಲಿಂಡರ್ ಬಂದ್ ಮಾಡಿದಳು. ಕಿಟಕಿ, ಹಿತ್ತಿಲ ಬಾಗಿಲು ಎಲ್ಲ ತೆರೆದಳು. ಮನೆ ತುಂಬ ಗ್ಯಾಸ್ ವಾಸನೆ! ಬೆಲ್ಲದ ಪಾಕ ಉಕ್ಕಿ, ಉರಿ ಯಾವಾಗಲೋ ಆರಿಹೋಗಿತ್ತು.

ಸಿದ್ದರಾಮೇಶ್ ಅವಳನ್ನೇ ನೋಡುತ್ತ ನಿಂತಿದ್ದ.

'ಎಷ್ಟು ಸೊರಗಿದ್ದಾನೆ...' ಎಂದು ಕರಗಿದ ಮನಸ್ಸನ್ನು ಅವಳು ಮರುಕ್ಷಣವೇ ಬಿಗಿಹಿಡಿದಳು.

ಈ ಮನುಷ್ಯನ ಜೊತೆ ಅವಳ ನಿಶ್ಚಿತಾರ್ಥವಾಗಿತ್ತು. ಹಡಗಿನಲ್ಲಿ ಅಡುಗೆಯವನಾಗಿದ್ದ ಅವನು ಮಡಕಶಿರದಲ್ಲಿದ್ದ ಅವಳಿಗೆ ಫೋನ್ ಮಾಡಿ ಕಡಲಿನ ಸುದ್ದಿಯೆಲ್ಲ ಹೇಳುತ್ತಿದ್ದ. ಅದೇ ಹಡಗಿನಲ್ಲಿ ಕೆಲಸಕ್ಕಿದ್ದ ಮೆಕ್ಸಿಕೋದ ಲೂಪೆ ಎಂಬವಳು ತನ್ನ ಊರಿನ ಕರಿದ ಸಿಹಿ ಬುನ್ಯುವೆಲೊ ಕಲಿಸುತ್ತಿದ್ದಾಳೆ ಎಂದು ಹಿಗ್ಗುತ್ತಿದ್ದ. ಆಮೇಲೊಂದು ದಿನ ಮೆಸೇಜು ಬಂತು: 'ನನಗೆ ಬೇರೆಯವರಿದ್ದಾರೆ. ಮರೆತುಬಿಡು.'

ಅಷ್ಟೇ... ಮತ್ತೆ ಫೋನಿಲ್ಲ.

ಈಗ ಅವನ ತಾಯಿ ಅನ್ನದಾನಮ್ಮ ತೀರಿಕೊಂಡು ತಿಂಗಳಾಗಿತ್ತು. ಸಂಬಂಧ ಮುರಿದ ಮೇಲೂ ಫೋನ್ ಮಾಡಿ 'ಉಂಡೇನವ್ವಾ?' ಎಂದು ಕೇಳುತ್ತಿದ್ದ ಜೀವ ಅದು. ಮಗನ ಮಾತು ಮಾತ್ರ ಎತ್ತುತ್ತಿರಲಿಲ್ಲ. ಆ ತಾಯಿಯ ಸಮಾಧಿಗೆ ಕೈಮುಗಿಯಲೆಂದೇ ಭುವನಾ ರಾಯದುರ್ಗಕ್ಕೆ ಬಂದು, ಜಾಗ ಕೇಳಲು ಈ ಮನೆಗೆ ಕಾಲಿಟ್ಟಿದ್ದಳು.

"ಇಷ್ಟೊಂದು ವಾಸನೆ... ನಿಮಗೆ ಗೊತ್ತಾಗ್ಲಿಲ್ವಾ?"

ಅವನು ಲೈಟರ್ ಕೆಳಗಿಟ್ಟ.

"ಮಾತಾಡಿ!"

"ನಂಗ ವಾಸನೀನ ಬರಂಗಿಲ್ಲ, ಭುವನಾ."

ಕರೆಂಟ್ ಹೋಗಿ ಪಕ್ಕದ ಮನೆಯ ಜೀನ್ಸ್ ಹೊಲಿಯುವ ಮಿಷನ್ನುಗಳು ನಿಂತವು. ಆ ಮೌನದಲ್ಲಿ ಅವನು ಎಲ್ಲ ಹೇಳಿದ. ಬಿರುಗಾಳಿಗೆ ಹಡಗು ವಾಲಿದಾಗ ಬಿದ್ದು ತಲೆಗೆ ಪೆಟ್ಟಾಗಿತ್ತು. ಗಾಯ ಮಾಯಿತು, ವಾಸನೆ ಮಾತ್ರ ಮರಳಲಿಲ್ಲ. ನಾಲಿಗೆಗೆ ಬರೀ ಉಪ್ಪು, ಹುಳಿ, ಸಿಹಿ, ಕಹಿ. ಅಂಥ ಅಡುಗೆಯವನು ಯಾರಿಗೆ ಬೇಕು? ಕೆಲಸ ಹೋಯಿತು.

"ಕಸುಬು ಹೋದವನ್ನ ಕಟ್ಕೊಂಡು ನೀ ಯಾಕ ಅಳಬೇಕು? ಅದಕ್ಕ..."

"ಅದಕ್ಕೆ ಸುಳ್ಳು ಹೇಳಿದ್ರಾ? ಹಂಗಾದ್ರೆ ಆ ಲೂಪೆ?"

"ಲೂಪೆ ನಮ್ಮವ್ವನ ವಾರಿಗೆಯಾಕಿ. ಮೊಮ್ಮಕ್ಕಳದಾರ ಆಕಿಗೆ."

'ಅಯ್ಯೋ... ಕಂಡರಿಯದ ಅಜ್ಜಿಗೆ ಎಷ್ಟು ಶಾಪ ಹಾಕಿದೆ!' ಭುವನಾಗೆ ನಗಲೂ ಆಗಲಿಲ್ಲ. ಎದೆಯಲ್ಲಿ ಕಟ್ಟಿಕೊಂಡಿದ್ದು ಒಡೆಯಿತು.

"ನನ್ನಲ್ಲೇ ಏನೋ ಕೊರತೆ ಐತೆ ಅಂದ್ಕೊಂಡು ಎಷ್ಟು ಅತ್ತಿದ್ದೀನಿ ಗೊತ್ತಾ? ಕನ್ನಡಿ ನೋಡೋಕೇ ಹೇಸ್ತಿದ್ದೆ!"

"ತಪ್ಪಾತು..." ಎಂದ ಅವನು, ಮೆಲ್ಲಗೆ.

ಅವಳು ಕಣ್ಣೊರೆಸಿಕೊಂಡು ತಟ್ಟೆಯಲ್ಲಿದ್ದ ಹಿಟ್ಟಿನ ಉಂಡೆಗಳನ್ನು ನೋಡಿದಳು. "ಇದು ಯಾರಿಗೆ?"

"ಅವ್ವಗ. ಬಂದಾಗ ಮಾಡಿಕೊಡು ಅಂದಿದ್ಲು. ಬಂದೆ... ಮೂಗಿನ ಸುದ್ದಿ ಆಕಿಗೂ ಹೇಳಲಿಲ್ಲ. ಒಲಿ ಮುಂದ ನಿಲ್ಲಾಕ ನಂಗ ಅಂಜಿಕಿ. ನಾಳೆ ಮಾಡ್ತೀನಿ, ನಾಡಿದ್ದು ಮಾಡ್ತೀನಿ ಅಂದೆ. ಆಕಿ ಹೋಗೇಬಿಟ್ಲು."

ಭುವನಾ ಉಕ್ಕಿದ ಪಾಕ ಒರೆಸಿ ಒಲೆ ಚೊಕ್ಕ ಮಾಡಿದಳು. ಗ್ಯಾಸ್ ವಾಸನೆ ಪೂರ್ತಿ ಹೋಗುವವರೆಗೂ ಕಾದಳು. ಆಮೇಲೆ ಕೈ ತೊಳೆದುಕೊಂಡು ಬಂದು ಕೂತಳು.

"ತೋರಿಸಿ. ಹೆಂಗೆ ಮಾಡೋದು?"

"ಸೋಂಪಿನ ನೀರಾಗ ಮೈದಾ ಕಲಸೀನಿ. ಲೂಪೆ ಮೊಟ್ಟಿ ಹಾಕ್ತಿದ್ಲು, ಅವ್ವಗಂತ ನಾ ಬಿಟ್ಟೆ."

ಅವನು ಮಣೆಯ ಮೇಲೆ ಕೂತು, ಮೊಣಕಾಲಿಗೆ ಮಡಿಬಟ್ಟೆ ಹೊದಿಸಿ, ಲಟ್ಟಿಸಿದ ಹಿಟ್ಟನ್ನು ಅದರ ಮೇಲೆಳೆದ. ಅಂಚು ಹಿಡಿದು ಎಳೆದೆಳೆದು, ಕೆಳಗಿನ ಬಟ್ಟೆಯ ನೂಲು ಕಾಣುವಷ್ಟು ತೆಳ್ಳಗೆ ಮಾಡಿದ. ಅವಳು ಎಳೆದದ್ದು ಹರಿಯಿತು. ಅವನು ಅವಳ ಬೆರಳು ಹಿಡಿದು ತೋರಿಸಿ, ತಟ್ಟನೆ ಕೈ ಹಿಂದಕ್ಕೆಳೆದುಕೊಂಡ.

"ಇನ್ನೊಂದ್ಸಲ ತೋರಿಸಿ," ಎಂದಳು ಅವಳು, ಮುಖ ಎತ್ತದೆ.

ಎಣ್ಣೆಗೆ ಬಿದ್ದ ಬುನ್ಯುವೆಲೊ ಗುಳ್ಳೆಯೆದ್ದು ಗರಿಗರಿಯಾಯಿತು. ಪಕ್ಕದ ಒಲೆಯಲ್ಲಿ ಚಕ್ಕೆ ಹಾಕಿದ ಹೊಸ ಪಾಕ ಕುದಿಯುತ್ತಿತ್ತು.

"ಪಾಕ ಹೆಂಗೈತಿ? ನೀನ ಹೇಳಬೇಕು..."

"ಘಮ್ ಅಂತೈತೆ. ಈಗ ಇಳಿಸಿ, ಸೀದೋಗುತ್ತೆ."

ಬಿಸಿಲು ಇಳಿಯುವ ಹೊತ್ತಿಗೆ ಇಬ್ಬರೂ ಸಮಾಧಿಯ ಬಳಿ ಹೋದರು. ಎಲೆಯ ಮೇಲೆ ಬುನ್ಯುವೆಲೊ ಇಟ್ಟು, ಪಾಕ ಸುರಿದು, "ಅವ್ವಾ, ತಡ ಆತವ್ವಾ..." ಎಂದು ಅವನು ಮಣ್ಣಿಗೆ ಹಣೆ ಹಚ್ಚಿ ಅತ್ತ. ಅವಳು ಸಮಾಧಾನ ಮಾಡಲಿಲ್ಲ. ಪಕ್ಕದಲ್ಲಿ ಕೂತು ತಾನೂ ಅತ್ತಳು.

ಬಹಳ ಹೊತ್ತಿನ ಮೇಲೆ ಅವನು ಎದ್ದ. "ನಡಿ, ಬಸ್ ಹತ್ತಸ್ತೀನಿ."

"ಸೋಮವಾರ ಅಪ್ಪನ್ನ ಕರ್ಕೊಂಡು ಬರ್ತೀನಿ."

"ಯಾಕ?"

"ಮದುವೆ ಮಾತಿಗೆ."

"ಮರುಕಕ್ಕ ಬ್ಯಾಡ, ಭುವನಾ..."

"ಮರುಕನಾ? ನಿಮ್ಮ ಮೇಲೆ ನಂಗೆ ಬೆಟ್ಟದಷ್ಟು ಸಿಟ್ಟೈತೆ! ಮೊದಲೇ ಹೇಳಿದ್ರೆ ಅತ್ತೆ ಜೊತೆ ಕೂತು ಮೂವರೂ ತಿಂತಿದ್ವಿ. ಇದು ಬೇಗ ಹೋಗೋ ಸಿಟ್ಟಲ್ಲ... ಆದ್ರೆ ನಿಮ್ಮನ್ನ ಬಿಟ್ಟು ಇರೋಕೂ ಆಗ್ತಿಲ್ಲ. ಈ ಸಿಟ್ಟು ಹೋಗೋವರೆಗೂ ಜೊತೆಲಿದ್ದು ಕಾಯ್ತೀರಾ?"

ಅವನು ಅವಳ ಕೈಯನ್ನು ಎರಡೂ ಕೈಯಲ್ಲಿ ಹಿಡಿದ. ಈ ಸಲ ಬಿಡಲಿಲ್ಲ.

"ಹ್ಞೂಂ... ಕಾಯ್ತೀನಿ."