ವೆಬ್‌ಸೈಟಲ್ಲಿ ಉದುರಿದ ಹಲ್ಲುಗಳು

"ನನ್ನ ಕ್ಲಿನಿಕ್ಕಿನ ವೆಬ್‌ಸೈಟಲ್ಲಿ ಹಲ್ಲು ಉದುರಿಸಿದ್ದು ನೀವೇ ತಾನೇ?"

ಕೇಳಿದವಳು ಹಲ್ಲಿನ ಡಾಕ್ಟರ್. ಎದುರಿಗೆ ನಿಂತಿದ್ದವನು ಅವಳಿಗೆ ವೆಬ್‌ಸೈಟ್ ಮಾಡಿಕೊಟ್ಟವನು.

ಅವಳು ಮೊಬೈಲ್ ಪರದೆಯ ಮೇಲಿದ್ದ ನಗುವ ಬಾಯಿಯನ್ನು ಒತ್ತಿ ಹಿಡಿದಳು. ಅಷ್ಟೇ! ಹಲ್ಲುಗಳೆಲ್ಲ ಪಟಪಟ ಉದುರಿ, ತಳಕ್ಕೆ ಬಿದ್ದು ಪುಟಿದವು. ಫೋನ್ ಓರೆ ಮಾಡಿದರೆ ಎಲ್ಲವೂ ಒಂದು ಮೂಲೆಗೆ ಜಾರಿದವು.

"ಅದು... ಸುಮ್ಮನೆ ಆಟಕ್ಕೆ. ಬೆರಳಲ್ಲಿ ಎತ್ತಿ ಮತ್ತೆ ಜೋಡಿಸಬಹುದು ಡಾಕ್ಟ್ರೇ."

"ನನಗೆ ಹೇಳದೆ ಬಚ್ಚಿಟ್ಟಿದ್ದು ಯಾಕೆ?"

ಅವನು ಬ್ಯಾಗ್ ಎತ್ತಿಕೊಂಡು ಹೊರಟುಹೋದ.

'ಏನಾದರೊಂದು ನೆಪ ಹೇಳಿಕೊಂಡು ಬರ್ತಾನೇ ಇರ್ತಾನೆ. ಪಾಪದವನು ಅಂದ್ಕೊಂಡಿದ್ದೆ... ಯಾರಿಗಾಗಿ ನನ್ನ ಹೆಸರು ಕೆಡಿಸ್ತಿದ್ದಾನೆ?'

ಮರುದಿನ ಅವಳು ಕಿಟಕಿಯಿಂದ ಹೊರಗೆ ನೋಡಿದಳು. ರಸ್ತೆಯಾಚೆಯ ಇನ್ನೊಂದು ಹಲ್ಲಿನ ಕ್ಲಿನಿಕ್ಕಿನಿಂದ ಅವನು ಕಳ್ಳನಂತೆ ಹೊರಬರುತ್ತಿದ್ದ!

'ಓಹೋ! ಇದಾ ವಿಷಯ!'

ಕೋಪ ಬರಬೇಕಿತ್ತು. ಬಂದದ್ದು ಅಳು. ಯಾಕೆ ಅಂತ ಅವಳಿಗೇ ಗೊತ್ತಾಗಲಿಲ್ಲ...

"ಚಿಕ್ಕಮ್ಮಾ, ಅವನ ಸಹವಾಸ ಸಾಕು. ವೆಬ್‌ಸೈಟ್ ಬೇರೆಯವರಿಗೆ ಕೊಡೋಣ."

ಮುಂದಿನ ಕೋಣೆಯಲ್ಲಿ ಅಪಾಯಿಂಟ್‌ಮೆಂಟ್ ನೋಡಿಕೊಳ್ಳುವ ಚಿಕ್ಕಮ್ಮ ತಲೆ ಎತ್ತದೆ ಅಂದರು, "ಕೊಡು ತಾಯಿ. ಅದಕ್ಕೂ ಮುಂಚೆ ಅಲ್ಲಿ ನೋಡು."

ಚಿಕಿತ್ಸೆಗೆ ಹೆದರಿ ಎರಡು ಸಲ ಓಡಿಹೋಗಿದ್ದ ದಪ್ಪ ಮೀಸೆಯ ರೋಗಿಯೊಬ್ಬರು ಮೊಬೈಲಲ್ಲಿ ಆ ಹಲ್ಲಿನ ಆಟದಲ್ಲಿ ಮುಳುಗಿದ್ದರು. ಒಳಗೆ ಕರೆದರೆ, "ತಾಳ್ರೀ, ಒಂದೇ ಹಲ್ಲು ಬಾಕಿ!" ಅಂದರು.

"ಈಗ ಯಾರೂ ಎದ್ದು ಓಡಲ್ಲ," ಎಂದು ಚಿಕ್ಕಮ್ಮ ನಕ್ಕರು.

ಹಾಗಾದರೆ ಎದುರು ಕ್ಲಿನಿಕ್ಕಿಗೆ ಹೋಗಿದ್ದೇಕೆ? ಅನುಮಾನ ಇನ್ನೂ ಕೊರೆಯುತ್ತಿತ್ತು. ಅವಳೇ ಫೋನ್ ಮಾಡಿ ಕರೆಸಿದಳು. ಬಂದವನ ಕೆನ್ನೆ ಊದಿಕೊಂಡಿತ್ತು.

"ಎದುರಿನವರ ಹತ್ತಿರ ಏನು ಕೆಲಸ ನಿಮಗೆ?"

"ಹಲ್ಲು ನೋವು..."

"ಹಾಗಿದ್ರೆ ಇಲ್ಲಿಗೆ ಬರೋಕೇನಾಗಿತ್ತು ಧಾಡಿ?"

"ಅಲ್ಲೂ ಕುರ್ಚಿ ನೋಡಿ ಓಡಿಬಂದೆ. ನನಗೆ ವಿಪರೀತ ಹೆದರಿಕೆ. ಆ ಆಟ ಮಾಡಿದ್ದೂ ನನ್ನಂಥವರಿಗೇ. ಹೇಳಿದ್ರೆ ನೀವು ನಗ್ತೀರ ಅಂತ ಬಚ್ಚಿಟ್ಟೆ. ಇಲ್ಲಿಗೆ ಬಂದಿದ್ರೆ... ನನ್ನ ಹುಳುಕು ಹಲ್ಲು ನೀವು ನೋಡ್ತಿದ್ರಿ. ಇಷ್ಟಪಟ್ಟವಳ ಎದುರು ಯಾರಾದ್ರೂ..."

ಅವನು ಊದಿದ ಕೆನ್ನೆಯನ್ನು ಕೈಯಿಂದ ಮುಚ್ಚಿಕೊಂಡ.

'ಇಷ್ಟಪಟ್ಟವಳಾ?' ಅವಳ ಕಿವಿ ಬಿಸಿಯಾಯಿತು. ಇಷ್ಟು ಒಳ್ಳೆಯವನನ್ನು ಕಳ್ಳ ಅಂದುಕೊಂಡೆನಲ್ಲಾ!

"ನಿಮ್ಮನ್ನ ಅನುಮಾನಿಸಿದೆ. ತಪ್ಪಾಯ್ತು," ಎಂದು ಅವನ ಕೈ ಹಿಡಿದು ಕುರ್ಚಿಯ ಬಳಿ ಕರೆದೊಯ್ದಳು. "ಒಂದು ಮಾತು ಹೇಳಬಾರದಿತ್ತಾ?"

"ನಿಮ್ಮೆದುರು ಬಾಯಿ ಬಿಡೋಕೆ ಧೈರ್ಯ ಬರಲಿಲ್ಲ ಡಾಕ್ಟ್ರೇ."

"ಈಗ ಬಿಡಿ. ಮೊದಲು ಹಲ್ಲು ನೋಡ್ತೀನಿ. ಆಮೇಲೆ ಆ ಅರ್ಧ ಮಾತು ಪೂರ್ತಿ ಮಾಡಿ."

"ಆಮೇಲೆ ಬಾಯಿ ಮರಗಟ್ಟಿರುತ್ತಲ್ಲ?"

"ಪರವಾಗಿಲ್ಲ," ಅವಳು ಕೈ ಬಿಡಲಿಲ್ಲ. "ತೊದಲಿದ್ರೂ ನನಗೆ ಅರ್ಥ ಆಗುತ್ತೆ."