ನವಿಲುಕೊಕ್ಕೆಯ ಕನ್ನಡಿ

ಕನ್ನಡಿ ಬಿದ್ದ ಸದ್ದಿಗೆ ಮೇಘನಾ ಅಡಿಗೆಮನೆಯಿಂದ ಓಡಿಬಂದಳು. ಗಾಜಿನ ಚೂರುಗಳ ನಡುವೆ ಅತ್ತೆ ದೇವೀರಮ್ಮ ಕುಳಿತಿದ್ದರು. ಬಲಗೈ ಮಣಿಕಟ್ಟು ಸೊಟ್ಟಗಾಗಿತ್ತು. ಹಣೆಯ ಕುಂಕುಮ ಅರ್ಧಕ್ಕೇ ನಿಂತಿತ್ತು.

ಮೂಳೆ ಕೂಡುತ್ತದೆ, ಆದರೆ ಆ ಕೈ ಇನ್ನು ಮಗ್ಗದಲ್ಲಿ ರೇಷ್ಮೆಯ ಎಳೆ ಹಿಡಿಯುವುದು ಅನುಮಾನ ಎಂದರು ಡಾಕ್ಟರು.

ತಪ್ಪು ಯಾರದೆಂದು ಕೊಳ್ಳೇಗಾಲದ ಆ ನೇಕಾರರ ಬೀದಿಯಲ್ಲಿ ಯಾರಿಗೂ ಅನುಮಾನವಿರಲಿಲ್ಲ. ಹಿಂದಿನ ವಾರ ಎರಡು ಹಿತ್ತಾಳೆ ನವಿಲುಕೊಕ್ಕೆ ಬಿಗಿದು, ತೇಗದ ಚೌಕಟ್ಟಿನ ಆ ಭಾರದ ಕನ್ನಡಿಯನ್ನು ಗೋಡೆಗೆ ತೂಗುಹಾಕಿದ್ದವನು ಕಾಮಗೆರೆಯ ಬಡಗಿ ಶಿವರಾಜು. ಅವನನ್ನು ಕರೆಸಿದ್ದವಳು ಮೇಘನಾ. ಬಸ್‌ಸ್ಟ್ಯಾಂಡ್ ರಸ್ತೆಯ ಹೊಸ ಸೀರೆ ಅಂಗಡಿಯ ಗೋಡೆ ಕೆಲಸವೆಲ್ಲ ಅವನಿಗೇ ಸಿಕ್ಕಿತ್ತು. ಆ ಅಂಗಡಿಗೆ ಸೀರೆ ಕೊಡುವವನು ಅವಳ ಗಂಡ ಉಮೇಶ್. ಮಾಲೀಕನಿಗೆ ಹೇಳಿ ಶಿವರಾಜುವನ್ನು ಬಿಡಿಸುತ್ತೇನೆ ಎಂದು ಅವನು ಹಲ್ಲು ಕಚ್ಚಿ ಹೇಳಿದ್ದ. ಆ ಕೆಲಸ ತಪ್ಪಿದರೆ ಶಿವರಾಜುವಿಗೆ ಈ ಊರಿನಲ್ಲಿ ಇನ್ನೊಂದು ಗೋಡೆ ಸಿಗುವುದಿಲ್ಲ.

ಮರುದಿನ ಶಿವರಾಜು ತಾನೇ ಬಂದು ಅಂಗಳದಲ್ಲಿ ನಿಂತ. ಮಾವ ಗುರುಸ್ವಾಮಿ ಜಗುಲಿಯಲ್ಲಿದ್ದರು.

"ಸ್ಕ್ರೂ ಹಿಡಿಯೋಕೆ ತೂತಿಗೆ ಪ್ಲಗ್ ಹಾಕಿದ್ಯಾ ಶಿವರಾಜು?" ಮೇಘನಾ ಕೇಳಿದಳು.

"ಪ್ಲಗ್ ಆಕ್ದೆ ಸ್ಕ್ರೂ ತಿರುಗ್ಸೋನಲ್ಲ ಕಣಕ್ಕ. ಕನ್ನಡಿ ಅಂಗಿರ್ಲಿ, ನಾನೇ ನೇತಾಕಂಡಿದ್ರೂ ಬೀಳ್ತಿರ್ಲಿಲ್ಲ."

"ನೀನೇ ಕರ್ಕಂಬಂದೋಳು, ನೀನೇ ವಕೀಲಿ ಮಾಡು" ಎಂದು ಹೆಂಡತಿಯತ್ತ ನೋಡಿ ಉಮೇಶ್ ಒಳಗೆ ಹೋದ.

ಮೇಘನಾಳಿಗೆ ಊಟ ಸೇರಲಿಲ್ಲ. ತಾನು ಕರೆಸಿದ ಮನುಷ್ಯ, ತಾನೇ ನೋಡಬೇಕು. ಎಲ್ಲರೂ ನೆಲ ನೋಡಿದ್ದರು — ಗಾಜು, ಚೌಕಟ್ಟು, ರಕ್ತ. ಅವಳು ಸ್ಟೂಲು ಹತ್ತಿ ಗೋಡೆ ನೋಡಿದಳು. ಸ್ಕ್ರೂ ಕಿತ್ತುಬಂದ ತೂತುಗಳು ಬಾಯಿ ಬಿಟ್ಟುಕೊಂಡಿದ್ದವು. ಡ್ರಿಲ್ ಕೊರೆದ ತೂತು ಹೀಗೆ ಹರಕಾಗಿರುತ್ತದೆಯೇ? ಇದು ಮೊಳೆ ಹೊಡೆದು ಅಗಲಿಸಿದ್ದು. ಒಳಗೆ ಪ್ಲಗ್ಗಿನ ಚೂರೂ ಇಲ್ಲ. ನೆಲದಿಂದ ಎತ್ತಿಕೊಂಡಿದ್ದ ಕೊಕ್ಕೆಯಲ್ಲಿ ಉಳಿದಿದ್ದ ಸ್ಕ್ರೂವಿಗೆ ಮಾತ್ರ ಕೆಂಪು ರೇಷ್ಮೆಯ ಎಳೆ ಸುತ್ತಿತ್ತು, ಹುರಿ ಮಾಡಿ, ಬಿಗಿಯಾಗಿ.

ಇನ್ನೂ ಮೇಲೆ, ನಾಲ್ಕು ಬೆರಳು ಮೇಲೆ, ಬಿಳಿ ಗೋಡೆಯ ಮೇಲೆ ಬಿಳಿಯದೇ ಚುಕ್ಕೆಗಳು. ಉಗುರಿನಿಂದ ಕೆರೆದಳು. ಎಲೆಗೆ ಹಚ್ಚುವ ಸುಣ್ಣ ಉದುರಿತು. ಅದರ ಹಿಂದೆ ಶಿವರಾಜು ಹಾಕಿದ ಪ್ಲಗ್ ಗೋಡೆಯನ್ನು ಗಟ್ಟಿಯಾಗಿ ಕಚ್ಚಿಕೊಂಡಿತ್ತು.

ಯಾರೋ ಕನ್ನಡಿಯನ್ನು ಕೆಳಗಿಳಿಸಿದ್ದಾರೆ. ಯಾರು? ಯಾವಾಗ? ಬೀಳುವ ಹಿಂದಿನ ದಿನ ಮನೆಯವರೆಲ್ಲ ಯಳಂದೂರಿನಲ್ಲಿ ಮದುವೆಗೆ ಹೋಗಿದ್ದರು. ಮಂಡಿನೋವೆಂದು ಮನೆಯಲ್ಲಿ ಉಳಿದಿದ್ದವರು ಮಾವ ಒಬ್ಬರೇ.

ಅವಳು ಸ್ಕ್ರೂವನ್ನು ಕೊಕ್ಕೆಯಿಂದ ಬಿಡಿಸಿಕೊಂಡು ಸ್ಟೂಲಿನಿಂದ ಇಳಿದಳು.

ಗುರುಸ್ವಾಮಿ ಜಗುಲಿಯಲ್ಲೇ ಕುಳಿತಿದ್ದರು. ಮೇಘನಾ ಸ್ಕ್ರೂವನ್ನು ಅವರ ಪಕ್ಕದಲ್ಲಿಟ್ಟಳು.

"ಕನ್ನಡಿ ಇಳಿಸಿದ್ದು ನೀವಾ ಮಾವ?"

ಅವರು ಸ್ಕ್ರೂ ನೋಡಿದರು, ಬೀದಿ ನೋಡಿದರು.

"ಶಿವರಾಜು ಮಾಡಿದ ತೂತಿಗೆ ಸುಣ್ಣ ಮೆತ್ತಿದೆ, ಅವನ ಪ್ಲಗ್ ಇನ್ನೂ ಅಲ್ಲೇ ಇದೆ. ಕೆಳಗಿನ ತೂತಿಗೆ ಪ್ಲಗ್ ಬದಲು ರೇಷ್ಮೆ. ಇಷ್ಟು ಚೆನ್ನಾಗಿ ಹುರಿ ಮಾಡೋರು ಈ ಮನೇಲಿ ಇಬ್ಬರೇ. ಅತ್ತೆ ಅವತ್ತು ನಮ್ಮ ಜೊತೆ ಇದ್ದರು." ಅವಳ ದನಿ ತಗ್ಗಿತು. "ಯಾಕೆ ಮಾವ?"

"ಅವ್ಳು ಬಗ್ಗೋಗವ್ಳೆ ಮೊಗ. ಆ ಎತ್ತರಕ್ಕೆ ಅಣೆ ಬುಟ್ರೆ ಏನೂ ಕಾಣ್ತಿರ್ಲಿಲ್ಲ. ಕಾಲ್ಬೆಳ್ಳಲ್ಲಿ ನಿಂತ್ಕಂಡು ಕುಂಕ್ಮ ಇಟ್ಕತಿದ್ಲು." ಅವರು ನಕ್ಕಂತೆ ಮಾಡಿದರು. "ಎಂಡ್ತಿಗೆ ಕನ್ನಡಿ ಇಳ್ಸೋಕೆ ಬಡಗಿ ಕರ್ದ್ರೆ ನಿನ್ ಗಂಡ ಆಡ್ಕಳಲ್ವಾ? ನಾನೇ ಮೊಳೆ ಒಡ್ದೆ. ಸ್ಕ್ರೂ ಲೊಡಲೊಡ ಅಂತು. ಎಳೆ ಸುತ್ತ್ದೆ. ರೇಷ್ಮೆ ಅಲ್ವಾ, ಇಡ್ಕತದೆ ಅನ್ಕಂಡೆ. ಇಷ್ಟು ವರ್ಸ ನಮ್ಮನ್ನೇ ಇಡ್ಕಂಡದೆ."

ರೇಷ್ಮೆ ಎಳೆತಕ್ಕೆ ಗಟ್ಟಿ. ತೂತಿನೊಳಗೆ ಅದು ನುಣುಚುತ್ತದೆ. ಶಿವರಾಜು ಅಂಗಳದಲ್ಲಿ ನಿಂತಾಗ ನೀವೂ ಇದ್ದಿರಲ್ಲ ಎಂದಷ್ಟೇ ಮೇಘನಾ ಕೇಳಿದಳು.

"ಇದ್ದೆ. ಅವ್ಳ್ ಕೈ ಮುರ್ದೋನು ನಾನು ಅಂತ ಅವ್ಳಿಗೆ ಯಾವ್ ಬಾಯಲ್ಲಿ ಏಳ್ಲಿ?"

ಬಾಗಿಲಲ್ಲಿ ಉಮೇಶ್ ನಿಂತಿದ್ದ. ಎಷ್ಟು ಕೇಳಿಸಿಕೊಂಡಿದ್ದನೋ, ಮುಖ ಬಿಳಿಚಿತ್ತು. ಮಾಲೀಕನಿಗೆ ಬೆಳಿಗ್ಗೆಯೇ ಹೇಳಿಬಿಟ್ಟೆ ಎಂದ. ಅಲ್ಲೇ ಮತ್ತೆ ಫೋನು ಮಾಡಿದ. ತಪ್ಪು ನಮ್ಮದು, ಶಿವರಾಜುವನ್ನೇ ಕರೆಸಿ ಎಂದು ಬೇಡಿಕೊಂಡ. ಬೇರೆಯವರು ಬಂದು ಕೆಲಸ ಹಿಡಿದಾಯಿತು ಎನ್ನುತ್ತಿದ್ದ ಮಾಲೀಕನ ಮಾತಿನ ಹಿಂದೆ ಡ್ರಿಲ್ ಗೋಡೆ ಕೊರೆಯುವ ಸದ್ದು ಮೂವರಿಗೂ ಕೇಳಿಸಿತು.

ಗುರುಸ್ವಾಮಿ ಎದ್ದರು. ಕಾಮಗೆರೆಗೆ ಹೋಗಿ ಶಿವರಾಜುವಿನ ಮುಂದೆ ನಿಲ್ಲಬೇಕು ಎಂದರು. ಟವಲು ಹೆಗಲಿಗೆ ಹಾಕಿಕೊಂಡವರು ಬೀದಿಗೆ ಇಳಿಯಲಿಲ್ಲ; ತಿರುಗಿ, ಹೆಂಡತಿ ಮಲಗಿದ್ದ ಕೋಣೆಯ ಹೊಸ್ತಿಲವರೆಗೆ ಹೋಗಿ ನಿಂತರು. ಮೇಘನಾಳಿಗೆ ಒಂದು ಗಳಿಗೆ ತಾನು ಆ ಸುಣ್ಣ ಕೆರೆಯಬಾರದಿತ್ತು ಅನಿಸಿತು.

"ಯಾಕೆ ಅಲ್ಲೇ ನಿಂತ್ಕಂಡ್ರಿ?" ಒಳಗಿಂದ ದೇವೀರಮ್ಮನ ದನಿ. "ಬನ್ನಿ ಒಳಕ್ಕೆ."