ಪೊರೆ ಕಳಚುವ ತನಕ

ಬಹಳ ಬಹಳ ಹಿಂದೆ, ಗಾಳಿ ಬೀಸಿದಂತೆಲ್ಲ ದಾರಿ ಅಳಿಸಿಹೋಗುತ್ತಿದ್ದ ಒಂದು ಮರಳುಗಾಡಿನ ನಡುವೆ ಸೈಕತಪುರವೆಂಬ ರಾಜ್ಯವಿತ್ತು. ಇಡೀ ರಾಜ್ಯಕ್ಕೆ ಇದ್ದದ್ದು ಒಂದೇ ನೀರಿನ ಚಿಲುಮೆ. ಅದನ್ನು ಕಾಯುತ್ತಿದ್ದವನು ಬಮ್ಮಯ್ಯ, ಅವನ ಹೆಂಡತಿ ಕೇತಲೆ. ಆ ಊರಿನವರಿಗೆ ಒಂದು ರೂಢಿಯಿತ್ತು. ಯಾವ ಬಾಗಿಲು ದಾಟುವಾಗಲೂ ಮೂರು ಸಲ ಕಾಲು ಕುಟ್ಟಬೇಕು. ಕಾಲಡಿಯಲ್ಲಿ ಚೇಳೇನಾದರೂ ಇದ್ದರೆ ಪಾಪ, ಸರಿದುಕೊಳ್ಳಲಿ ಎಂದು. ಆಗಷ್ಟೇ ನಡೆಯಲು ಕಲಿತ ಮಗುವೂ ಕುಟ್ಟುತ್ತಿತ್ತು, ಪಟ್ಟಕ್ಕೇರುವ ರಾಜನೂ ಕುಟ್ಟುತ್ತಿದ್ದ.

ಒಂದು ದಿನ ಉರಿಗಣ್ಣನೆಂಬ ಮಾಂತ್ರಿಕ ಬಂದ. ಅವನು ಕಣ್ಣರಳಿಸಿದರೆ ಬಿಸಿಲು ಇಮ್ಮಡಿಯಾಗುತ್ತಿತ್ತು. ಚಿಲುಮೆ ಇನ್ನು ನನ್ನದು, ದಾರಿ ಬಿಡು ಎಂದ. ಬಮ್ಮಯ್ಯ ಬಿಡಲಿಲ್ಲ. ಮಾಂತ್ರಿಕ ಅವನನ್ನು ಚೇಳು ಮಾಡಿ ಮರಳುಗಾಡಿಗೆ ಎಸೆದ. ಚಿಲುಮೆಯ ಬಾಯಿಗೆ ಮಂತ್ರದ ಬಂಡೆ ಮುಚ್ಚಿದ. ತನ್ನ ಕಾಲಿಗೆ ಬಿದ್ದವರಿಗೆ ಮಾತ್ರ ಒಂದೊಂದು ಬೊಗಸೆ ನೀರು ಎಂದ. ರಾಜನೇ ಮೊದಲು ಹೋಗಿ ಬಿದ್ದ ಮೇಲೆ ಉಳಿದವರ ಮಾತೇಕೆ? ಕೇತಲೆ ಮಾತ್ರ ಬೀಳಲಿಲ್ಲ. ಗಂಡನನ್ನು ಹುಡುಕಿಕೊಂಡು ಮರಳುಗಾಡಿಗೆ ನಡೆದಳು.

ಮರಳುಗಾಡಿನಲ್ಲಿ ಚೇಳಿಗೇನು ಬರವೇ? ಯಾವ ಕಲ್ಲು ಎತ್ತಿದರೂ ಒಂದು ಚೇಳು. ಎಲ್ಲವೂ ಕೊಂಡಿ ಎತ್ತಿದವೇ ಹೊರತು ಒಂದೂ ಅವಳ ಗುರುತು ಹಿಡಿಯಲಿಲ್ಲ. ಅವಳು ಸೋತು ಬಂಡೆಯೊಂದರ ನೆರಳಲ್ಲಿ ಅಳುತ್ತಾ ಕುಳಿತಾಗ ದೊಡ್ಡದೊಂದು ಹೆಣ್ಣುಚೇಳು ಹೊರಗೆ ಬಂತು. ಅದರ ಬೆನ್ನ ತುಂಬ ಬೆಳ್ಳನೆಯ ಮರಿಗಳು. ಆ ಕಾಲದಲ್ಲಿ ಚೇಳುಗಳಿಗೆ ಮಾತು ಬರುತ್ತಿತ್ತು. ಇದನ್ನು ಉಳಿದ ಚೇಳುಗಳೆಲ್ಲ ಚೇಳವ್ವ ಎನ್ನುತ್ತಿದ್ದವು.

“ನಿನ್ನ ಗಂಡ ಬದುಕಿದ್ದಾನೆ ಮಗಳೇ,” ಎಂದಳು ಚೇಳವ್ವ. “ಇನ್ನೇನು ಪೊರೆ ಬಿಡುತ್ತಾನೆ. ಪೊರೆಯ ಜೊತೆ ಮಂತ್ರವೂ ಕಳಚಿ ಬೀಳುತ್ತದೆ. ಆದರೆ ಆ ಹೊತ್ತಿನಲ್ಲಿ ನಮ್ಮ ಮೈ ಬೆಣ್ಣೆಯ ಹಾಗೆ, ಇರುವೆ ಕಚ್ಚಿದರೂ ಜೀವ ಹೋದೀತು. ಉರಿಗಣ್ಣನಿಗೂ ಇದು ಗೊತ್ತು, ಆಗಲೇ ಇವನನ್ನು ಮುಗಿಸಬೇಕೆಂದು ಸುಳಿವು ಹುಡುಕುತ್ತಲೇ ಇದ್ದಾನೆ.”

ಹಾಗಾದರೆ ಕಾವಲಿಗೆ ನಾನಿರುತ್ತೇನೆ ಎಂದಳು ಕೇತಲೆ. ಚೇಳಿನ ಹಾಗೆ ಬದುಕಲು ಬಾರದವರು ಚೇಳನ್ನು ಕಾಯಲಾರರು, ಮೊದಲು ಕಲಿ ಎಂದು ಚೇಳವ್ವ ಬೆನ್ನು ಬಗ್ಗಿಸಿದಳು. ಆ ಬೆನ್ನಿಗೆ ಕೈಯಿಟ್ಟ ಕೂಡಲೇ ಕೇತಲೆ ಮರಿಚೇಳಿನಷ್ಟು ಚಿಕ್ಕವಳಾದಳು.

ಮೊದಲ ಪರೀಕ್ಷೆ ಬಿಸಿಲಿನದು. ಮೇಲೆ ಮರಳು ಕಾಳು ಹುರಿಯುವಷ್ಟು ಕಾದಿತ್ತು. ಚೇಳವ್ವ ಕೇತಲೆಯನ್ನು ಕರೆದುಕೊಂಡು ಸುರುಳಿ ಸುರುಳಿಯಾದ ಬಿಲದಲ್ಲಿ ಇಳಿಯುತ್ತಾ ಹೋದಳು. ಒಂದೆರಡು ಮೊಳ ಇಳಿದ ಮೇಲೆ ತಂಪು ಹತ್ತಿತು. ಹೊತ್ತು ಇಳಿಯುವ ತನಕ ಅಲ್ಲಿ ಅಲುಗಾಡದೆ ಇರಬೇಕಿತ್ತು. ಕೇತಲೆ ಇದ್ದಳು.

ಎರಡನೆಯ ಪರೀಕ್ಷೆ ಹಸಿವಿನದು. ಚೇಳು ಸಿಕ್ಕರೆ ತಿನ್ನುತ್ತದೆ, ಸಿಗದಿದ್ದರೆ ತಿಂಗಳುಗಟ್ಟಲೆ ಸುಮ್ಮನಿರುತ್ತದೆ. ಕೊನೆಗೂ ಒಂದು ಮಿಡತೆ ಸಿಕ್ಕಿತು. ಅದರ ರಸವೇ ಅನ್ನ, ಅದೇ ನೀರು. ರುಚಿ ಹೇಗಿತ್ತೆಂದು ಮಾತ್ರ ಕೇಳಬೇಡಿ. ಕೇತಲೆ ಮೂಗು ಮುಚ್ಚಿಕೊಂಡು ನುಂಗಿದಳು.

ಮೂರನೆಯದು ಸದ್ದಿಲ್ಲದೆ ನಡೆಯುವುದು. ಮರಳಿನಲ್ಲಿ ಎಲ್ಲರೂ ಕಾಲಿನಿಂದಲೇ ಕೇಳುತ್ತಾರೆ, ಒಂದು ಹುಳ ಮಿಸುಕಿದರೂ ತಿಳಿಯುತ್ತದೆ ಎಂದು ಚೇಳವ್ವ ದಾರಿಯುದ್ದಕ್ಕೂ ಹೇಳುತ್ತಲೇ ಬಂದಳು. ಕೇತಲೆಯೂ ಹೂಂಗುಟ್ಟುತ್ತಲೇ ಬಂದಳು. ಆದರೆ ಬಮ್ಮಯ್ಯನ ಬಿಲದ ಬಾಗಿಲು ಕಂಡದ್ದೇ ತಡ, ಖುಷಿಯಲ್ಲಿ ಎಲ್ಲವೂ ಮರೆತುಹೋಯಿತು. ಹುಟ್ಟಿದಾಗಿನಿಂದ ಮಾಡಿಕೊಂಡು ಬಂದದ್ದನ್ನೇ ಕಾಲು ಮಾಡಿತು. ಕುಟ್ಟಿತು, ಕುಟ್ಟಿತು, ಮತ್ತೆ ಕುಟ್ಟಿತು.

ದೂರದ ಚಿಲುಮೆಯ ಬಳಿ ಉರಿಗಣ್ಣ ತನ್ನ ದಂಡವನ್ನು ಮರಳಿಗೆ ಊರಿ ಕುಳಿತಿದ್ದ. ನಡುಕ ದಂಡವನ್ನು ಹತ್ತಿ ಅವನ ಕೈಗೆ ಬಂತು. ಮೂರು ಸಲ ಕಾಲು ಕುಟ್ಟುವ ಚೇಳು ಲೋಕದಲ್ಲಿ ಇಲ್ಲ, ಇದು ಸೈಕತಪುರದವರದೇ ಕಾಲು ಎಂದು ನಕ್ಕ. ನೀರಿನ ಚೀಲ ಹೆಗಲಿಗೆ ಹಾಕಿಕೊಂಡು ಧಾವಿಸಿದ.

ಅವನ ಓಟದ ನಡುಕ ಕೇತಲೆಯ ಕಾಲಿಗೂ ತಿಳಿಯಿತು. ಚೇಳವ್ವ ಮರಿಗಳನ್ನು ಹೊತ್ತು ಪಕ್ಕದ ಬಿಲಕ್ಕೆ ಇಳಿದಳು, ಕೇತಲೆ ಗಂಡನ ಬಿಲದ ತಳಕ್ಕೆ ಓಡಿದಳು. ಅಲ್ಲಿ ಬಮ್ಮಯ್ಯನ ಪೊರೆ ತಲೆಯ ಬಳಿ ಬಿರಿದು, ಅವನು ಅರ್ಧ ಒಳಗೆ ಅರ್ಧ ಹೊರಗೆ ಸಿಕ್ಕಿಕೊಂಡಿದ್ದ. ಎತ್ತಿಕೊಂಡು ಹೋಗುವಂತಿಲ್ಲ, ಮುಟ್ಟುವಂತೆಯೂ ಇಲ್ಲ. ಅವಳು ಬೊಗಸೆ ಬೊಗಸೆ ಮರಳು ತುಂಬಿ ಬಿಲದ ದಾರಿಯನ್ನೇ ಮುಚ್ಚಿಬಿಟ್ಟಳು.

“ಹೊರಗೆ ಬನ್ನಿ,” ಎಂದು ಉರಿಗಣ್ಣ ಮೇಲಿನಿಂದ ಕೂಗಿದ. “ಇಲ್ಲವಾದರೆ ಇದ್ದಲ್ಲೇ ಹುರಿದುಬಿಡುತ್ತೇನೆ.”

ಅವನು ಕಣ್ಣರಳಿಸಿದ. ಬಿಸಿಲು ಇಮ್ಮಡಿಯಾಯಿತು, ಮತ್ತೆ ಇಮ್ಮಡಿಯಾಯಿತು. ಮೇಲಿನ ಮರಳು ಕೆಂಡವಾಯಿತು. ಕೆಳಗೆ ಬೆಚ್ಚಗಾಯಿತು, ಅಷ್ಟೇ. ಬಮ್ಮಯ್ಯನ ಒಂದು ಕಾಲು ಹೊರಬಂತು, ಇನ್ನೊಂದು ಬರಲೊಲ್ಲದು. ಎಳೆದುಬಿಡಲೇ ಎಂದು ಕೇತಲೆಯ ಕೈ ಮುಂದೆ ಹೋಯಿತು. ಎಳೆದರೆ ಕಾಲೇ ಕಿತ್ತು ಬಂದೀತು. ಅವಳು ಕೈ ಹಿಂದೆಗೆದುಕೊಂಡು ಅವನ ಪಕ್ಕದಲ್ಲಿ ಕುಳಿತಳು.

“ಅವಸರ ಮಾಡಬೇಡಿ,” ಎಂದಳು ಮೆಲ್ಲಗೆ. “ನಾನು ಇಲ್ಲೇ ಇದ್ದೇನೆ.”

ಮೇಲೆ ಉರಿಗಣ್ಣನ ಚೀಲದ ನೀರು ಅವನದೇ ಬಿಸಿಲಿಗೆ ಬತ್ತಿಹೋಯಿತು. ಚಿಲುಮೆಗೆ ಹೋಗಿ ಕುಡಿದು ಬರಬಹುದಿತ್ತು. ಆದರೆ ಆಚೆ ಹೋದರೆ ಇವರು ತಪ್ಪಿಸಿಕೊಂಡಾರೆಂಬ ಸಂಶಯ. ಕಾಯುವ ಅಭ್ಯಾಸವಂತೂ ಅವನಿಗೆ ಮೊದಲೇ ಇರಲಿಲ್ಲ. ಸಿಟ್ಟಿಗೆ ಇನ್ನಷ್ಟು ಕಣ್ಣರಳಿಸಿದ. ತುಟಿ ಒಣಗಿತು, ನಾಲಿಗೆ ಒಣಗಿತು, ಕೊನೆಗೆ ಅವನೇ ಒಣಗಿ ಬೂದಿಯಾದ. ಸಂಜೆಯ ಗಾಳಿ ಆ ಬೂದಿಯನ್ನು ಎತ್ತಿಕೊಂಡು ಹೋಯಿತು.

ಅದೇ ಹೊತ್ತಿಗೆ ಬಮ್ಮಯ್ಯನ ಕೊನೆಯ ಕಾಲು ಪೊರೆಯಿಂದ ಹೊರಬಂತು. ಮಂತ್ರ ಕಳಚಿತು, ಕಾವಲು ಮುಗಿದದ್ದರಿಂದ ಕೇತಲೆಯ ಚಿಕ್ಕ ರೂಪವೂ ಹೋಯಿತು. ಮರಳು ಸೀಳಿಕೊಂಡು ಗಂಡ ಹೆಂಡಿರಿಬ್ಬರೂ ಮೊದಲಿನಷ್ಟೇ ಎತ್ತರವಾಗಿ ಎದ್ದು ನಿಂತರು. ಅಂದು ಬೀಸಿದಷ್ಟು ತಣ್ಣನೆಯ ಗಾಳಿ ಆ ಮರಳುಗಾಡಿನಲ್ಲಿ ಎಂದೂ ಬೀಸಿರಲಿಲ್ಲ. ಚೇಳವ್ವನ ಮರಿಗಳು ಬೆನ್ನಿಂದ ಇಳಿದು ತಮ್ಮ ತಮ್ಮ ಬಿಲ ತೋಡಲು ಹೊರಟವು. ಅತ್ತ ಊರಿನಲ್ಲಿ ಮಂತ್ರದ ಬಂಡೆ ಬಿರಿದು, ಚಿಲುಮೆ ಉಕ್ಕಿ, ರಾಜನೂ ಪ್ರಜೆಗಳೂ ಯಾರ ಕಾಲಿಗೂ ಬೀಳದೆ ಹೊಟ್ಟೆ ತುಂಬ ನೀರು ಕುಡಿದರು.

ಕೇತಲೆ ಸೆರಗಿನಿಂದ ಗಂಡನ ಮೈಮೇಲಿನ ಮರಳು ಒರೆಸಿದಳು. ಕೈ ಕಾಲೆಲ್ಲ ಸರಿಯಾಗಿವೆಯೇ ಎಂದು ಎರಡೆರಡು ಸಲ ಮುಟ್ಟಿ ನೋಡಿದಳು. ಅವನು ಅವಳ ಮುಖವನ್ನೇ ನೋಡುತ್ತಾ ನಿಂತಿದ್ದ.

“ನೀನು ಬಂದೇ ಬರುತ್ತೀಯ ಅಂತ ನನಗೆ ಗೊತ್ತಿತ್ತು ಕೇತಲೆ,” ಎಂದ. “ಆದರೆ ಇಷ್ಟು ಹೊತ್ತು ಸುಮ್ಮನೆ ಕೂತಿರುತ್ತೀಯ ಅಂತ ಗೊತ್ತಿರಲಿಲ್ಲ.”

ಕೇತಲೆಗೆ ನಗು ಬಂತು. ನಗುತ್ತಾ ನಗುತ್ತಾ ಅಳು ಬಂತು. ಅತ್ತು ಹಗುರಾದ ಮೇಲೆ ಇಬ್ಬರೂ ಕೈ ಹಿಡಿದು ಮನೆಗೆ ಹೋದರು. ಬಹಳ ಕಾಲ ತಣ್ಣಗೆ ಬಾಳಿದರು. ಕೇಳಿದ ನಿಮ್ಮ ಮನೆಯೂ ಹಾಗೇ ತಣ್ಣಗಿರಲಿ.